ಬಾಗಿಲಿಲ್ಲದ ಪಾಲು

ನಮ್ಮವರು, ನನ್ನ ಗಂಡ, ಗಾರೆ ಕೆಲಸದವರು. ಹೊಸ ಮನೆ ಕಟ್ಟಬೇಕು ಅನ್ನುವವರು ಬೇರೆ ಮೇಸ್ತ್ರಿಗಳನ್ನು ಹುಡುಕಿಕೊಂಡು ಹೋಗುತ್ತಿದ್ದರು. ಕಟ್ಟಿದ ಮನೆ ಭಾಗ ಮಾಡಬೇಕು ಅನ್ನುವವರು ಮಾತ್ರ ಇವರ ಹತ್ತಿರ ಬರುತ್ತಿದ್ದರು. ಅಣ್ಣ ತಮ್ಮಂದಿರು ಮುನಿಸಿಕೊಂಡು, ಹಿರಿಯರು ಬುದ್ಧಿ ಹೇಳಿ ಸಾಕಾಗಿ, ಇನ್ನು ನಡುವೆ ಗೋಡೆ ಎಬ್ಬಿಸಿಬಿಡಿ ಅಂತ ಆದಮೇಲೆ ಇವರಿಗೆ ಕರೆ. ನಮ್ಮ ಕಡೆ ಮುನಿಸಿಗೆ ಬರ ಇರಲಿಲ್ಲ. ಹಾಗಾಗಿ ಇವರಿಗೆ ಕೆಲಸಕ್ಕೂ ಬರ ಇರಲಿಲ್ಲ.

ಜನ ಇವರನ್ನು ದಾರದ ಮೇಸ್ತ್ರಿ ಅನ್ನುತ್ತಿದ್ದರು. ಗೋಡೆ ನೇರ ಬರಲಿ ಅಂತ ಎಲ್ಲ ಮೇಸ್ತ್ರಿಗಳೂ ದಾರ ಕಟ್ಟುತ್ತಾರೆ. ಎರಡು ಕಡೆ ಮೊಳೆ ಹೊಡೆದು ಕಟ್ಟುತ್ತಾರೆ. ಇವರು ಮೊಳೆ ಹೊಡೆಯುತ್ತಿರಲಿಲ್ಲ. ದಾರದ ಒಂದು ತುದಿ ಅಣ್ಣನ ಕೈಗೆ, ಇನ್ನೊಂದು ತಮ್ಮನ ಕೈಗೆ. ಮೊದಲ ವರಸೆ ಇಟ್ಟಿಗೆ ಕೂರುವ ತನಕ ಇಬ್ಬರೂ ಕುಕ್ಕರಗಾಲಲ್ಲಿ ಕೂತು ಎಳೆದು ಹಿಡಿದಿರಬೇಕು. ಮಾತಾಡುವ ಹಾಗಿಲ್ಲ. ಸಡಿಲ ಬಿಡುವ ಹಾಗಿಲ್ಲ. "ನಾಳೆ ಗೋಡೆ ಸೊಟ್ಟ, ಅವನ ಕಡೆ ಎರಡು ಬೆರಳು ಹೆಚ್ಚು ಅಂತ ನನ್ನ ಹತ್ರ ಬರಬೇಡಿ. ಹಿಡಿದವರು ನೀವೇ," ಅನ್ನುತ್ತಿದ್ದರು.

ಎರಡು ಗಂಟೆ ಹಾಗೆ ಕೂತರೆ ಮೊಣಕಾಲು ಹಿಡಿದುಕೊಳ್ಳುತ್ತದೆ, ಕೈ ನಡುಗುತ್ತದೆ. ಎದುರಿಗೆ ಕೂತವನ ಕೈ ನಡುಗುವುದೂ ಕಾಣುತ್ತದೆ. ಮೂರು ಮನೆಗಳಲ್ಲಿ ಅಣ್ಣ ತಮ್ಮಂದಿರು ದಾರ ಬಿಟ್ಟು ತಬ್ಬಿಕೊಂಡು ಅತ್ತುಬಿಟ್ಟರು. ಗೋಡೆ ಬೇಡ ಅಂದುಬಿಟ್ಟರು. ಅಂಥ ದಿನ ಇವರು ಮಧ್ಯಾಹ್ನಕ್ಕೇ ಮನೆಗೆ ಬಂದು ಗಾರೆ ಮೆತ್ತುವ ಕರಣೆಯನ್ನು ಮೂಲೆಗೆ ಎಸೆದು ಕೂರುತ್ತಿದ್ದರು.

"ಏನಾಯ್ತು?"

"ಒಂದಾಗಿಬಿಟ್ರು."

"ಇಬ್ಬರೂನಾ?"

"ಹೂಂ. ಹದಿನೈದು ದಿನದ ಕೆಲಸ ಅಂದುಕೊಂಡಿದ್ದೆ. ಹಾಳಾಯ್ತು."

"ತಡೀರಿ. ಮಳೆ ಬಂದು ಸೂರು ಸೋರಲಿ, ರಿಪೇರಿ ಯಾರು ಮಾಡಿಸೋದು ಅಂತ ಬರಲಿ. ಮತ್ತೆ ಕರೀತಾರೆ," ಅನ್ನುತ್ತಿದ್ದೆ. ಮೂರರಲ್ಲಿ ಎರಡು ಮನೆಯವರು ಮತ್ತೆ ಕರೆದರು. ಮೂರನೆಯ ಮನೆಯಲ್ಲಿ ತಮ್ಮ ಅಷ್ಟರಲ್ಲಿ ತೀರಿಹೋಗಿದ್ದ. ಆ ಮನೆಯ ಒಗ್ಗಟ್ಟನ್ನು ಇವತ್ತಿಗೂ ಜನ ಹೊಗಳುತ್ತಾರೆ.

ಇವರಿಗೆ ಅಣ್ಣ ಒಬ್ಬರು, ತಮ್ಮ ಒಬ್ಬ. ಅಣ್ಣ ನನಗೆ ಭಾವ. ಕಚೇರಿಯಲ್ಲಿ ಹೆಡ್ ಕ್ಲಾರ್ಕ್ ಆಗಿದ್ದರು. ತಮ್ಮ ನನಗೆ ಮೈದುನ. ಅವನದು ವಾಚ್ ರಿಪೇರಿ. ಕಣ್ಣಿಗೆ ಭೂತಗನ್ನಡಿ ಸಿಕ್ಕಿಸಿಕೊಂಡು ದಿನವಿಡೀ ಬಗ್ಗಿ ಕೂತು ಅವನಿಗೆ ಮನುಷ್ಯರ ಮುಖ ನೋಡುವುದೇ ಮರೆತುಹೋಗಿತ್ತು. ಕೊನೆಗೆ ಯಾರು ಮಾತಾಡಿದರೋ ಅವರು ಹೇಳಿದ್ದೇ ಅವನಿಗೆ ಸರಿ.

ಮನೆ ಮಾವನವರ ಕಾಲದ್ದು. ರೈಲು ಡಬ್ಬಿಯ ಹಾಗೆ ಉದ್ದ. ಮುಂದೆ ಬೀದಿ, ಹಿಂದೆ ಹಿತ್ತಲು, ಒಂದು ಪಕ್ಕ ಪಕ್ಕದವರ ಗೋಡೆ, ಇನ್ನೊಂದು ಪಕ್ಕ ಓಣಿ. ಮುಂದೊಂದು ಬಾಗಿಲು, ಹಿಂದೊಂದು ಬಾಗಿಲು. ನಡುಮನೆಗೆ ಓಣಿಯ ಕಡೆ ಸರಳಿಲ್ಲದ ಒಂದು ಕಿಟಕಿ. ಮಾವ ಹೋಗಿ ಎರಡು ವರ್ಷಕ್ಕೆ ಭಾವನವರಿಗೆ ಭಾಗ ಬೇಕಾಯಿತು. ಅವರು ಕಚೇರಿಯಿಂದ ಅಳತೆ ಪಟ್ಟಿ ತಂದರು. ಭಾಗಪತ್ರ ಅವರೇ ಬರೆಸಿದರು. ಮೂವರೂ ಒಪ್ಪದೆ ಯಾರೂ ಪಾಲಿನ ಗೋಡೆ ಒಡೆಯುವ ಹಾಗಿಲ್ಲ ಅಂತಲೂ ಅವರೇ ಸೇರಿಸಿದರು. ಮುಂದಿನದು ಅವರಿಗೆ, ಹಿಂದಿನದು ಮೈದುನನಿಗೆ. ನಡುವಿನದು ನಮಗೆ ಇರಲಿ ಅಂತ ನಮ್ಮವರೇ ಕೇಳಿದರು. ಅತ್ತೆ ಮಲಗುತ್ತಿದ್ದದ್ದು ಅಲ್ಲಿ. ಮಾವ ಪ್ರಾಣ ಬಿಟ್ಟದ್ದೂ ಅಲ್ಲಿ.

"ಹೊರಗಿನ ಮೇಸ್ತ್ರಿ ಬೇಡ. ಅಪ್ಪನ ಮನೆಗೆ ಬೇರೆಯವರು ಕರಣೆ ಹಾಕೋದು ಬೇಡ," ಅಂದರು ಇವರು.

ದಾರ ಹಿಡಿಯುವುದಕ್ಕೆ ಭಾವ ಒಂದು ತುದಿ, ಮೈದುನ ಒಂದು ತುದಿ. ನಮ್ಮ ಪಾಲಿಗೆ ದಾರ ಹಿಡಿಯುವವರು ಯಾರೂ ಇರಲಿಲ್ಲ. ಹಿಡಿಯಬೇಕಾದವರು ಇಟ್ಟಿಗೆ ಇಡುತ್ತಿದ್ದರು. ಇವರು ನಡುಮನೆಯಲ್ಲಿ ನಿಂತು ಮುಂದಿನ ಗೋಡೆ ಮುಗಿಸಿದರು, ಆಮೇಲೆ ಹಿಂದಿನ ಗೋಡೆ ಎತ್ತಿದರು. ಒಂಬತ್ತು ದಿನ. ಮೂರು ಪಾಲೂ ಒಂದು ಬೆರಳು ಹೆಚ್ಚಿಲ್ಲ, ಒಂದು ಬೆರಳು ಕಡಿಮೆ ಇಲ್ಲ. ಒಂಬತ್ತನೆಯ ದಿನ ಸಂಜೆ ಸೂರಿಗೆ ತಾಗುವ ಕೊನೆಯ ಇಟ್ಟಿಗೆ ಕೂರಿಸಿ, ಕರಣೆ ಒರೆಸಿ, ಕೈಕಾಲು ತೊಳೆಯುವುದಕ್ಕೆ ಹೊರಗೆ ಹೋಗಬೇಕು ಅಂತ ತಿರುಗಿದರು.

ಹೊರಗೆ ಹೋಗುವುದಕ್ಕೆ ದಾರಿ ಇರಲಿಲ್ಲ.

ಮುಂದಿನ ಬಾಗಿಲು ಭಾವನ ಪಾಲಿಗೆ ಹೋಗಿತ್ತು. ಹಿಂದಿನ ಬಾಗಿಲು ಮೈದುನನ ಪಾಲಿಗೆ. ಊರಿಗೆಲ್ಲ ಗೋಡೆ ಕಟ್ಟಿದವರು ತಮ್ಮನ್ನು, ಹೆಂಡತಿಯನ್ನು, ತಾಯಿಯನ್ನು ಒಳಗಿಟ್ಟು ಕಟ್ಟಿಬಿಟ್ಟಿದ್ದರು. ನಾನು ಒಲೆ ಊದುತ್ತಿದ್ದೆ. ಅತ್ತೆ ಮಂಚದ ಮೇಲೆ ಕೂತಿದ್ದರು. ಇವರು ಗೋಡೆಯಿಂದ ಗೋಡೆಗೆ ಎರಡು ಸಲ ಓಡಾಡಿದರು. ಆಮೇಲೆ ಮಣ್ಣು ಕೈಯಲ್ಲೇ ತಲೆ ಹಿಡಿದುಕೊಂಡು ಕೂತರು.

"ಅಳತೆ ಸರಿ ಇದೆಯೇನಪ್ಪ?" ಅಂತ ಕೇಳಿದರು ಅತ್ತೆ.

"ಸರಿ ಇದೆಯಮ್ಮ."

"ಹಾಗಾದ್ರೆ ಬಿಡು."

ಭಾವನವರನ್ನು ಕಿಟಕಿಯಿಂದ ಕೂಗಿ ಕರೆದೆವು. ಅವರು ಓಣಿಗೆ ಬಂದು ನಿಂತರು. "ಮೊದಲನೇ ದಿನವೇ ನನಗೆ ಗೊತ್ತಾಯ್ತು. ಕೆಲಸದ ಮಧ್ಯೆ ಯಾಕೆ ಬಾಯಿ ಹಾಕೋದು ಅಂತ ಸುಮ್ಮನಿದ್ದೆ. ಅವನು ಏನೋ ಯೋಚನೆ ಮಾಡಿರಬೇಕು ಅಂದುಕೊಂಡೆ," ಅಂದರು. ಮೈದುನನನ್ನು ಕೇಳಿದರೆ, "ಅಣ್ಣ ಹೇಳಿದ್ದು ಸರಿ," ಅಂದ.

ಇವರು ಮನಸ್ಸು ಮಾಡಿದ್ದರೆ ಒಂದು ಗಂಟೆಯ ಕೆಲಸ. ಕಿಟಕಿಯ ಕೆಳಗಿನ ಗೋಡೆ ಒಡೆದರೆ ಬಾಗಿಲಾಗುತ್ತಿತ್ತು. ಒಡೆಯಲಿಲ್ಲ. ಅದು ಅಪ್ಪ ಕಟ್ಟಿಸಿದ ಗೋಡೆ, ನಾನು ಕೈ ಹಾಕಲ್ಲ ಅಂದರು. ಊರವರ ಅಪ್ಪಂದಿರ ಮನೆಗಳನ್ನೆಲ್ಲ ತುಂಡು ಮಾಡಿದ ಮನುಷ್ಯ. ನಾವು ಇಪ್ಪತ್ತೇಳು ದಿನ ಕಿಟಕಿಯಿಂದ ಓಡಾಡಿದೆವು. ಒಳಗೊಂದು ಸ್ಟೂಲು, ಹೊರಗೊಂದು ಸ್ಟೂಲು. ನಾನು ಸೀರೆ ಎತ್ತಿ ಕಟ್ಟಿಕೊಂಡು ಕೊಡ ಹಿಡಿದು ಹತ್ತುತ್ತಿದ್ದೆ. ಓಣಿಯ ಜನ ಮೊದಲ ವಾರ ನಿಂತು ನೋಡಿದರು. ಆಮೇಲೆ ಅವರಿಗೂ ಬೇಜಾರಾಯಿತು.

ಅತ್ತೆಗೆ ಎಪ್ಪತ್ತು ದಾಟಿತ್ತು. ಇವರು ಅವರನ್ನು ಎತ್ತಿ ಕಿಟಕಿಯ ಮೇಲೆ ಕೂರಿಸುತ್ತಿದ್ದರು, ಆಚೆ ಕಡೆ ನಾನು ಇಳಿಸಿಕೊಳ್ಳುತ್ತಿದ್ದೆ. ಇಪ್ಪತ್ತೇಳನೆಯ ದಿನ ಅವರು ಕಿಟಕಿಯ ಮೇಲೆ ಕೂತವರು ಇಳಿಯಲಿಲ್ಲ.

"ಮೂರು ಗಂಡು ಹೆತ್ತೆ. ನನಗೊಂದು ಬಾಗಿಲು ಇಲ್ಲ. ಸುತ್ತಿಗೆ ಕೊಡು," ಅಂದರು.

"ಅಮ್ಮ, ಅದು ಅಪ್ಪನ ಗೋಡೆ."

"ನಿಮ್ಮಪ್ಪ ಕೊಡೆ ಹಿಡ್ಕೊಂಡು ನಿಂತು ಕಟ್ಟಿಸಿದ್ರು. ಮಣ್ಣು ಹೊತ್ತವಳು ನಾನು. ಸುತ್ತಿಗೆ ಕೊಡು ಅಂದೆ."

ಮೊದಲ ಏಟು ಅವರೇ ಹಾಕಿದರು. ಒಂದು ಚೂರು ಸುಣ್ಣ ಉದುರಿತು. ಉಳಿದದ್ದನ್ನು ಇವರು ಒಡೆದರು, ಮೂಗು ಒರೆಸಿಕೊಳ್ಳುತ್ತಾ. ಹಾಗೆ ನಮ್ಮ ಕಿಟಕಿ ಬಾಗಿಲಾಯಿತು. ಅಗಲ ಕಿಟಕಿಯದ್ದೇ. ದಪ್ಪಗಿರುವವರು ಓರೆಯಾಗಿ ಬರಬೇಕು. ದಪ್ಪಗಿರುವ ನೆಂಟರು ಬರುವುದನ್ನೇ ಬಿಟ್ಟರು. ಅದೊಂದು ಅನುಕೂಲ.

ಅಲ್ಲಿಂದ ಹದಿನಾಲ್ಕು ವರ್ಷ ಅಲ್ಲೇ ಇದ್ದೆವು. ಮಕ್ಕಳಾಗಲಿಲ್ಲ. ಅದರ ಕಥೆ ಬೇಡ. ಅತ್ತೆ ಆರು ವರ್ಷ ಇದ್ದು ಹೋದರು. ಇವರು ಸಿಮೆಂಟಿನ ಧೂಳು ಕುಡಿದು ಕುಡಿದು ಕೆಮ್ಮು ಹಿಡಿಸಿಕೊಂಡರು. ಕೊನೆಯ ಒಂದು ವರ್ಷ ಕೆಲಸಕ್ಕೆ ಹೋಗಲಿಲ್ಲ. ಮಂಚದ ಮೇಲೆ ಕೂತು ತಾವು ಕಟ್ಟಿದ ಗೋಡೆ ನೋಡುತ್ತಿದ್ದರು. "ನೇರ ಇದೆ ಅಲ್ವಾ?" ಅಂತ ದಿನಕ್ಕೊಂದು ಸಲ ಕೇಳುತ್ತಿದ್ದರು. ನೇರ ಇದೆ ಅನ್ನುತ್ತಿದ್ದೆ. ಬೇರೆ ಏನು ಮಾತಾಡುವುದು? ನಾವಿಬ್ಬರೂ ಹೆಚ್ಚು ಮಾತಿನವರಲ್ಲ.

ನಾಲ್ಕು ತಿಂಗಳ ಹಿಂದೆ ಹೋದರು. ಬೆಳಿಗ್ಗೆ. ನಾನು ನೀರು ತಂದು ಇಳಿಸುವಷ್ಟರಲ್ಲಿ.

ಅವರನ್ನು ಹೊರಗೆ ತರುವಾಗ ಬಾಗಿಲಲ್ಲಿ ಓರೆ ಮಾಡಬೇಕಾಯಿತು. ಭಾವನವರು ಓಣಿಯಲ್ಲಿ ನಿಂತು, "ಒಂದೇ ಮನೆಯಾಗಿದ್ದಿದ್ರೆ ಮುಂಬಾಗಿಲಿಂದ ಗೌರವವಾಗಿ ಬರ್ತಿದ್ದ," ಅಂತ ಕಣ್ಣೀರು ಹಾಕಿದರು. ಮುಂಬಾಗಿಲಿಗೆ ಒಳಗಿನಿಂದ ಬೀಗ ಹಾಕಿತ್ತು. ಜನ ಬಂದು ಹೋಗಿ ನೆಲ ಮಣ್ಣಾಗುತ್ತದೆ ಅಂತ ಅಕ್ಕ ಹಾಕಿದ್ದು. ಅಕ್ಕ ಅಂದರೆ ಭಾವನ ಹೆಂಡತಿ, ನನ್ನ ದೊಡ್ಡ ಓರಗಿತ್ತಿ.

ಅದಾಗಿ ಎರಡು ತಿಂಗಳಿಗೆ ಭಾವ ನಿವೃತ್ತಿ ಆದರು. ಕಚೇರಿಯಲ್ಲಿ ಶಾಲು ಹೊದಿಸಿ, ಭಾಷಣ ಮಾಡಿ ಕಳಿಸಿದರು. ಮನೆಗೆ ಬಂದ ಮೂರನೆಯ ದಿನದಿಂದ ಅವರಿಗೆ ಅಪ್ಪನ ಮನೆ ನೆನಪಾಗತೊಡಗಿತು. ಇದ್ದದ್ದು ಅಪ್ಪನ ಮನೆಯಲ್ಲೇ. ಆದರೂ ನೆನಪಾಗತೊಡಗಿತು.

"ನಡುಮನೇಲಿ ಸಾಲಾಗಿ ಕೂತು ಉಣ್ತಾ ಇದ್ವಿ. ಅಪ್ಪ ನಡುವೆ. ನಾವು ಮೂವರು ಸುತ್ತ. ಅಮ್ಮ ಬಡಿಸ್ತಾ ಇದ್ರು. ಎಂಥ ದಿನಗಳು," ಅಂತ ಬೀದಿಯಲ್ಲಿ ಹೋಗುವವರನ್ನೆಲ್ಲ ನಿಲ್ಲಿಸಿ ಹೇಳುತ್ತಿದ್ದರು.

ನಾನು ಸೊಸೆಯಾಗಿ ಬಂದಾಗ ಗೋಡೆ ಇರಲಿಲ್ಲ. ಆಗಲೂ ಆ ಮನೆಯಲ್ಲಿ ಮೂರು ಒಲೆ ಇದ್ದವು. ಮಾವ ಗೋಡೆಗೆ ಮುಖ ಮಾಡಿಕೊಂಡು ಒಬ್ಬರೇ ಉಣ್ಣುತ್ತಿದ್ದರು, ಯಾರ ಮುಖ ನೋಡಿದರೂ ಊಟ ಸೇರುವುದಿಲ್ಲ ಅಂತ. ಭಾವನ ತಟ್ಟೆ ಮುಂದಿನ ಕೋಣೆಗೆ ಹೋಗುತ್ತಿತ್ತು, ಮುಚ್ಚಳ ಹಾಕಿಕೊಂಡು. ನಮ್ಮವರು ಹೊಸದಾಗಿ ಏನನ್ನೂ ಒಡೆಯಲಿಲ್ಲ. ಇದ್ದದ್ದನ್ನು ಇಟ್ಟಿಗೆಯಲ್ಲಿ ತೋರಿಸಿದರು, ಅಷ್ಟೆ.

ಆಮೇಲೆ ಮೇಜು ಬಂತು. ಕಚೇರಿಯವರು ನಿವೃತ್ತಿಗೆ ಕೊಟ್ಟ ಉಡುಗೊರೆ. ಎಂಟು ಜನ ಕೂತು ಉಣ್ಣುವ ಊಟದ ಮೇಜು, ಎಂಟು ಕುರ್ಚಿ. ಭಾವನೇ ಕೇಳಿ ತರಿಸಿಕೊಂಡಿದ್ದು ಅಂತ ಆಮೇಲೆ ಗೊತ್ತಾಯಿತು. ಮೂರು ಪಾಲೂ ಸೇರಿಸಿದರೆ ಇದ್ದವರು ನಾವು ಐದು ಜನ. ಮೇಜನ್ನು ಮುಂಬಾಗಿಲಿಂದ ಒಳಗೆ ತಂದರು. ಅರ್ಧ ಒಳಗೆ ಬಂದು ನಮ್ಮವರ ಗೋಡೆಗೆ ತಾಗಿ ನಿಂತಿತು. ಇನ್ನರ್ಧ ಬೀದಿಯಲ್ಲಿ. ಓರೆ ಮಾಡಿದರು, ಎತ್ತಿದರು, ತಿರುಗಿಸಿದರು. ಕೊನೆಗೆ ಹೊರಗೆ ತೆಗೆದು ಕಾಲು ಮೇಲೆ ಮಾಡಿ ಜಗಲಿಯ ಮೇಲೆ ಮಲಗಿಸಿದರು. ಅಕ್ಕ ಅದಕ್ಕೆ ಪ್ಲಾಸ್ಟಿಕ್ ಹೊದಿಸಿದರು.

ಮರುದಿನದಿಂದ ಭಾವನ ನೆನಪು ಇನ್ನೂ ಜೋರಾಯಿತು.

ಒಂದು ಭಾನುವಾರ ಎಲ್ಲರನ್ನೂ ಜಗಲಿಗೆ ಕರೆದರು. ಎಂಟು ಕುರ್ಚಿ ಹಾಕಿದ್ದರು. ಭಾವ, ಅಕ್ಕ, ಮೈದುನ, ಅವನ ಹೆಂಡತಿ ನನ್ನ ಚಿಕ್ಕ ಓರಗಿತ್ತಿ, ನಾನು. ಮೂರು ಕುರ್ಚಿ ಖಾಲಿ.

"ಅಪ್ಪನ ಮನೆ ಮತ್ತೆ ಒಂದಾಗಬೇಕು," ಅಂದರು ಭಾವ. "ಗೋಡೆ ತೆಗೆಸಿಬಿಡೋಣ. ಅವನಿಲ್ಲ. ಇನ್ನು ಯಾರಿಗೆ ಬೇಕು ಗೋಡೆ?"

"ನನ್ನ ಪಾಲು?" ಅಂದೆ.

"ಪಾಲು ಗೀಲು ಏನಮ್ಮ ಇನ್ನು? ಎಲ್ಲಾ ನಿಂದೇ. ನಮ್ಮ ಜೊತೆ ಇರ್ತೀಯ."

"ಎಲ್ಲಿ?"

ಭಾವ ಅಕ್ಕನ ಮುಖ ನೋಡಿದರು. "ಅಡುಗೆಮನೆ ಪಕ್ಕ ಒಂದು ಮಂಚ ಹಾಕಿದ್ರಾಯ್ತು. ಒಬ್ಬಳಿಗೆ ಎಷ್ಟು ಜಾಗ ಬೇಕು?" ಅಂದರು ಅಕ್ಕ. "ಬೆಳಿಗ್ಗೆ ಬೇಗ ಏಳ್ತೀಯ ಬೇರೆ. ಅನುಕೂಲ."

ಯಾರ ಅನುಕೂಲ ಅಂತ ನಾನು ಕೇಳಲಿಲ್ಲ.

"ನಡುಮನೇಲಿ ಏನು ಮಾಡ್ತೀರಿ?"

"ಮೇಜು ಹಾಕ್ತೀವಿ. ಎಲ್ಲರೂ ಒಟ್ಟಿಗೆ ಕೂತು ಊಟ ಮಾಡ್ತೀವಿ. ಮೊದಲಿನ ಹಾಗೆ."

ಮೈದುನ ನೆಲ ನೋಡುತ್ತಾ, "ಆಗಲಿ ಅಣ್ಣ," ಅಂದ. ನಾನು ಹೂಂ ಅನ್ನಲಿಲ್ಲ, ಊಹೂಂ ಅನ್ನಲಿಲ್ಲ. ನಮ್ಮ ಮನೆಯಲ್ಲಿ ಹೆಂಗಸು ಸುಮ್ಮನಿದ್ದರೆ ಒಪ್ಪಿದಳು ಅಂತ ಅರ್ಥ. ಗೋಡೆ ಒಡೆಯುವ ದಿನ ನಿಗದಿ ಆಯಿತು.

ಒಳಗೆ ಬಂದು ಮಂಚದ ಮೇಲೆ ಕೂತೆ. ನನಗೆ ಒಂದು ವಿಷಯ ಆಗ ಹೊಳೆಯಿತು. ಭಾವನವರಿಗೆ ಮನೆ ಅಂದರೆ ಮಾವ ಕಟ್ಟಿಸಿದ ಗೋಡೆಗಳು. ನನಗೆ ಮನೆ ಅಂದರೆ ಈ ಎರಡು ಗೋಡೆ. ಇವರ ಫೋಟೋ ಒಂದೂ ಇಲ್ಲ. ಫೋಟೋದವನ ಮುಂದೆ ನಿಂತರೆ ಬಾಯಿ ಒಣಗುತ್ತದೆ ಅನ್ನುತ್ತಿದ್ದರು. ಇವರು ಕೈಯಾರೆ ಮಾಡಿದ್ದು ಅಂತ ಊರಲ್ಲಿ ಎಷ್ಟೋ ಇದೆ. ಅದೆಲ್ಲ ಬೇರೆಯವರ ಮನೆಯೊಳಗಿದೆ. ನನ್ನ ಹತ್ತಿರ ಇರುವುದು ಈ ಎರಡೇ. ಎಲ್ಲರೂ ಶಾಪ ಹಾಕುವ ಗೋಡೆ. ಅದಕ್ಕೆ ಮುಖ ಮಾಡಿಕೊಂಡು ನಾನು ನಾಲ್ಕು ತಿಂಗಳಿಂದ ಮಲಗುತ್ತಿದ್ದೆ. ಇದನ್ನು ಜಗಲಿಯಲ್ಲಿ ಹೇಳಿದ್ದರೆ ನಕ್ಕುಬಿಡುತ್ತಿದ್ದರು.

ಒಡೆಯುವುದಕ್ಕೆ ಬಂದವರು ಕುಳ್ಳ ಮೇಸ್ತ್ರಿ. ನಮ್ಮವರ ಜೊತೆ ಇಪ್ಪತ್ತು ವರ್ಷ ಕೆಲಸ ಮಾಡಿದವರು. ಬೇರೆ ಯಾರೂ ಒಪ್ಪಲಿಲ್ಲವಂತೆ. ದಾರದ ಮೇಸ್ತ್ರಿ ಗೋಡೆ ಒಡೆದರೆ ತೋಳು ಹೋಗುತ್ತದೆ, ಅಷ್ಟು ಗಟ್ಟಿ ಅಂತ. ಕುಳ್ಳ ಮೇಸ್ತ್ರಿ ಹಾರೆ ಕೆಳಗಿಟ್ಟು ಗೋಡೆಗೆ ಕೈ ಸವರಿದರು.

"ಅಕ್ಕ, ಬೇಜಾರು ಮಾಡ್ಕೋಬೇಡಿ. ನನಗೂ ಹೊಟ್ಟೆಪಾಡು," ಅಂತ ನನಗೆ ಹೇಳಿದರು.

"ಮಾಡಿ."

ಭಾವ ಒಳಗೆ ನಿಂತು ಮೇಜು ಹಾಕುವ ಜಾಗ ಅಳೆಯುತ್ತಿದ್ದರು, ಭಾಗ ಮಾಡಿದ ಅದೇ ಪಟ್ಟಿಯಲ್ಲಿ. ಮೈದುನ, ಚಿಕ್ಕ ಓರಗಿತ್ತಿ ಬಾಗಿಲಲ್ಲಿ ನಿಂತಿದ್ದರು.

ಕುಳ್ಳ ಮೇಸ್ತ್ರಿ ಸುತ್ತಿಗೆಯ ಹಿಡಿಯಿಂದ ಗೋಡೆಯನ್ನು ಮೆಲ್ಲಗೆ ಬಡಿಯುತ್ತಾ ಹೋದರು. ಕಿವಿ ಇಟ್ಟು ಕೇಳುತ್ತಾ ಹೋದರು.

"ಏನು ಹುಡುಕ್ತಿದ್ದೀಯ?" ಅಂದರು ಭಾವ.

"ಒಣ ಇಟ್ಟಿಗೆ. ನಿಮ್ಮ ತಮ್ಮ ಕಟ್ಟಿದ ಪ್ರತಿ ಭಾಗದ ಗೋಡೇಲೂ ಒಂದು ಇಟ್ಟಿಗೆಗೆ ಗಾರೆ ಹಾಕ್ತಿರಲಿಲ್ಲ. ಹಾಗೇ ಕೂರಿಸಿ ಮೇಲೆ ಸುಣ್ಣ ಬಳೀತಿದ್ರು. ಯಾರಿಗೂ ಹೇಳ್ತಿರಲಿಲ್ಲ. ಮುಂದೆ ಇವರು ಒಂದಾದ್ರೆ ಒಡೆಯೋರಿಗೆ ಕಷ್ಟ ಆಗಬಾರದು, ಅಲ್ಲಿಂದ ಶುರು ಮಾಡ್ಲಿ ಅನ್ನೋರು."

"ಎಷ್ಟು ಮನೇಲಿ ಹಾಗೆ ಶುರು ಮಾಡಿದ್ದೀಯ?"

"ಇದೇ ಮೊದಲು."

ಮುಂದಿನ ಗೋಡೆಯ ಇಟ್ಟಿಗೆ ನನ್ನ ಡಬ್ಬಿಗಳ ಹಿಂದೆ ಸಿಕ್ಕಿತು. ಡಬ್ಬಿ ಇಳಿಸಿ ಕೊಟ್ಟೆ. ಕುಳ್ಳ ಮೇಸ್ತ್ರಿ ಉಳಿಯಿಂದ ಸುಣ್ಣ ಬಿಡಿಸಿ ಇಟ್ಟಿಗೆ ಎಳೆದರು. ಸುಲಭವಾಗಿ ಬಂತು. ಹಿಂದೆ ಬೆಳಕು ಬರಬೇಕಿತ್ತು. ಬರಲಿಲ್ಲ. ಕೈ ಹಾಕಿ ನೋಡಿ, "ಸಿಮೆಂಟು," ಅಂದರು. "ಆ ಕಡೆಯಿಂದ ಮುಚ್ಚಿದ್ದಾರೆ. ಹಳೇದು."

ಎಲ್ಲರೂ ಭಾವನವರನ್ನು ನೋಡಿದೆವು.

"ಗಾಳಿ ಬರ್ತಿತ್ತು," ಅಂದರು ಭಾವ. "ಗೋಡೆ ಆದ ವಾರಕ್ಕೇ ನಿಮ್ಮ ಅಕ್ಕನಿಗೆ ನೆಗಡಿ ಹಿಡೀತು. ಅದಕ್ಕೆ ಮೆತ್ತಿಸಿದೆ. ತಪ್ಪಾ?"

ಕುಳ್ಳ ಮೇಸ್ತ್ರಿ ಹಿಂದಿನ ಗೋಡೆಗೆ ಬಂದರು. ಬಡಿಯುತ್ತಾ ಮಂಚದ ತಲೆಯ ಹತ್ತಿರ ಬಂದು ನಿಂತರು. ಅಲ್ಲಿ ಮೊಳೆಗೆ ಇವರ ಕೆಲಸದ ಅಂಗಿ ತೂಗು ಹಾಕಿತ್ತು. ಇವರೇ ಹಾಕಿದ್ದು. ನಾನು ತೆಗೆದಿರಲಿಲ್ಲ.

"ಅಕ್ಕ, ಅಂಗಿ ತೆಗೀತೀರಾ?"

ತೆಗೆದೆ. ತೆಗೆದು ಮಡಿಲಲ್ಲಿ ಇಟ್ಟುಕೊಂಡು ಮಂಚದ ಮೇಲೆ ಕೂತೆ.

ಅಂಗಿಯ ಹಿಂದಿನ ಇಟ್ಟಿಗೆಯ ಮೇಲೆ ಸುಣ್ಣವೇ ಇರಲಿಲ್ಲ. ಅಂಚು ಸವೆದು ದುಂಡಗಾಗಿತ್ತು. ಬೆರಳು ತಾಗಿ ತಾಗಿ ಕಪ್ಪಾಗಿ, ನುಣ್ಣಗೆ ಎಣ್ಣೆ ಹಚ್ಚಿದ ಹಾಗೆ ಇತ್ತು. ಉಳಿ ಬೇಕಾಗಲಿಲ್ಲ. ಕುಳ್ಳ ಮೇಸ್ತ್ರಿ ಎರಡು ಬೆರಳಲ್ಲಿ ಎಳೆದರು. ಬಂತು. ಆಚೆಯಿಂದ ಬೆಳಕು ಬಂದು ನನ್ನ ದಿಂಬಿನ ಮೇಲೆ ಬಿತ್ತು. ಮೈದುನನ ರಿಪೇರಿ ಮೇಜಿನ ಕಾಲು ಕಾಣಿಸಿತು.

"ಇದು ದಿನಾ ತೆಗೆದು ಹಾಕಿದ್ದು," ಅಂದರು ಕುಳ್ಳ ಮೇಸ್ತ್ರಿ.

ಮೈದುನ ನೆಲ ನೋಡುತ್ತಿದ್ದ. ಕೊನೆಗೆ ಚಿಕ್ಕ ಓರಗಿತ್ತಿ ಬಾಯಿ ಬಿಟ್ಟಳು.

"ನೀವು ನಲ್ಲಿ ನೀರಿಗೆ ಹೋದಾಗ ಮಾತಾಡ್ತಿದ್ರು ಅಕ್ಕ, ನಿಮ್ಮವರೂ ಇವರೂ. ಹದಿನಾಲ್ಕು ವರ್ಷದಿಂದ."

"ಏನು?"

"ನೀವು ಕೊಡ ತಗೊಂಡು ಹೋದ ಕೂಡಲೇ ಇಟ್ಟಿಗೆ ಸರಿಯೋ ಸದ್ದು. ನೀವು ಬರೋ ಹೊತ್ತಿಗೆ ಮತ್ತೆ ಸದ್ದು. ನಾನು ಪಕ್ಕದಲ್ಲೇ ಕೂತು ಸೊಪ್ಪು ಬಿಡಿಸ್ತಿದ್ದೆ."

"ನಾನು ಮನೇಲಿ ಇದ್ದಾಗ?"

"ಆಗ ಮುಚ್ಚಿರ್ತಿತ್ತು. ಆದ್ರೂ ಕೇಳಿಸೋದು ಕೇಳಿಸ್ತಿತ್ತು. ನನ್ನ ಅಡುಗೆ ಬಗ್ಗೆ ನೀವು ಅತ್ತೆ ಹತ್ರ ಹೇಳಿದ್ದೂ ಕೇಳಿಸ್ತು."

"ಯಾವುದು?"

"ಎಲ್ಲಾ."

ನನಗೆ ಸಿಟ್ಟು ಬಂತು. ಓರಗಿತ್ತಿಯ ಮೇಲಲ್ಲ. ನನ್ನ ಜೊತೆ ದಿನಕ್ಕೆ ನಾಲ್ಕು ಮಾತು ಆಡಿದ ಮನುಷ್ಯ ಗೋಡೆಯ ತೂತಿಗೆ ಹದಿನಾಲ್ಕು ವರ್ಷ ಮಾತಾಡಿದ್ದಾನೆ. ಬೀದಿಯಲ್ಲಿ ಎದುರಾದರೆ ಅಣ್ಣ ತಮ್ಮ ಇಬ್ಬರೂ ಮುಖ ತಿರುಗಿಸಿಕೊಂಡು ಹೋಗುತ್ತಿದ್ದರು. ಅದನ್ನು ನೋಡಿ ನಾನೂ ಎಷ್ಟೋ ಸಲ ಕಣ್ಣೀರು ಹಾಕಿದ್ದೆ. ನಾಲ್ಕು ತಿಂಗಳಲ್ಲಿ ಮೊದಲ ಸಲ ಸತ್ತವರ ಮೇಲೆ ಸಿಟ್ಟು ಮಾಡಿಕೊಂಡು ಕೂತೆ. ಅಂಗಿ ಮಡಿಲಲ್ಲೇ ಇತ್ತು.

ಭಾವ ಪಟ್ಟಿಯಿಂದ ಆ ತೂತು ತೋರಿಸಿದರು. "ನೋಡಿದ್ರಾ? ಒಂದೇ ರಕ್ತ. ಗೋಡೆ ತಡೆದೀತಾ? ನಾನು ಹೇಳೋದೂ ಅದೇ. ಮೇಸ್ತ್ರಿ, ಇಲ್ಲಿಂದಲೇ ಶುರು ಮಾಡು."

ಕುಳ್ಳ ಮೇಸ್ತ್ರಿ ಹಾರೆ ತೂತಿಗೆ ಇಟ್ಟರು.

"ಬೇಡ," ಅಂದ ಮೈದುನ.

ಯಾರು ಮಾತಾಡಿದ್ದು ಅಂತ ಭಾವ ಸುತ್ತ ನೋಡಿದರು.

"ಬೇಡ ಅಣ್ಣ. ಗೋಡೆ ಇರಲಿ."

"ನೀನೇ ಆಗಲಿ ಅಂದಿದ್ದೆ."

"ಅಂದಿದ್ದೆ."

"ಮತ್ತೆ? ಅವನ ಜೊತೆ ಅಷ್ಟು ಮಾತಾಡೋ ಆಸೆ ಇದ್ದವನು ಎದುರಿಗೆ ಹೋಗಿ ಮಾತಾಡಬೇಕಿತ್ತು."

"ಎದುರಿಗೆ ನನಗೆ ಬರಲ್ಲ. ಅವನಿಗೂ ಬರ್ತಿರಲಿಲ್ಲ." ಮೈದುನ ಮೊದಲ ಸಲ ತಲೆ ಎತ್ತಿದ. "ದಾರ ಹಿಡಿದು ಕೂತಾಗ ನನಗೂ ಗೊತ್ತಿತ್ತು, ಅವನಿಗೆ ಬಾಗಿಲಿಲ್ಲ ಅಂತ. ಒಂಬತ್ತು ದಿನ ಹೇಳಲಿಲ್ಲ. ಆಮೇಲೆ ಯಾವ ಮುಖ ಇಟ್ಕೊಂಡು ಎದುರಿಗೆ ಹೋಗಲಿ? ಗೋಡೆ ಇತ್ತು, ಅದಕ್ಕೆ ಮಾತಾಡಿದೆ. ಇದು ಹೋದ್ರೆ ನನಗೆ ಏನೂ ಉಳಿಯಲ್ಲ. ನಾನು ಒಪ್ಪಲ್ಲ."

"ಹಾಗಾದ್ರೆ ನನ್ನ ಕಡೆ ಗೋಡೆ ಒಂದನ್ನೇ ತೆಗೆಸ್ತೀನಿ. ಅದಕ್ಕೆ ನಿನ್ನ ಅಪ್ಪಣೆ ಬೇಕಾಗಿಲ್ಲ," ಅಂದರು ಭಾವ.

ಆಗ ನಾನು ಎದ್ದೆ.

"ಬೇಕು ಭಾವ," ಅಂದೆ. "ಮೂವರೂ ಒಪ್ಪಬೇಕು ಅಂತ ಬರೆಸಿದವರು ನೀವೇ. ಅವನು ಒಪ್ಪಲ್ಲ ಅಂದ. ನಮ್ಮವರ ಪಾಲಿಗೆ ಈಗ ನಾನು. ನಾನೂ ಒಪ್ಪಲ್ಲ."

"ಒಪ್ಪಿದ್ದೆಯಲ್ಲಮ್ಮ."

"ಸುಮ್ಮನಿದ್ದೆ. ಈಗ ಮಾತಾಡ್ತಿದ್ದೀನಿ."

ಅಕ್ಕ ಆಚೆ ಕಡೆಯಿಂದ, "ಹಾಗಾದ್ರೆ ಮೇಜು?" ಅಂತ ಕೇಳಿದರು. ಅವರ ದನಿ ಸಿಮೆಂಟು ದಾಟಿ ಚೆನ್ನಾಗಿಯೇ ಬಂತು.

ಭಾವ ಪಟ್ಟಿ ಮಡಚಿದರು. ನೀವೆಲ್ಲ ಮನೆಯನ್ನು ಪ್ರೀತಿಸುವವರಲ್ಲ, ಗೋಡೆಯನ್ನು ಪ್ರೀತಿಸುವವರು ಅಂದರು. ಹೌದು ಅಂದೆ. ಅಪ್ಪನ ಆತ್ಮಕ್ಕೆ ನೋವಾಗುತ್ತದೆ ಅಂದರು. ಮಾವ ಒಬ್ಬರೇ ಉಣ್ಣುತ್ತಿದ್ದರು, ಅವರಿಗೆ ಏನೂ ಆಗುವುದಿಲ್ಲ ಅಂದೆ. ಅವರು ಓರೆಯಾಗಿ ಬಾಗಿಲು ದಾಟಿ ಹೋದರು. ನಿವೃತ್ತಿ ಆದಮೇಲೆ ಸ್ವಲ್ಪ ಹೊಟ್ಟೆ ಬಂದಿದೆ. ವಾರದೊಳಗೆ ಬಡಗಿ ಬಂದು ಮೇಜನ್ನು ಎರಡು ಮಾಡಿದ. ಅರ್ಧದಲ್ಲಿ ಭಾವ ಪತ್ರಿಕೆ ಓದುತ್ತಾರೆ. ಇನ್ನರ್ಧ ಯಾರಿಗೂ ಬೇಡವಾಗಿ ಜಗಲಿಯಲ್ಲೇ ಇದೆ.

ಕುಳ್ಳ ಮೇಸ್ತ್ರಿ ಇಟ್ಟಿಗೆಗಳನ್ನು ಜಾಗಕ್ಕೆ ಕೂರಿಸಿ, ಕೂಲಿ ಬೇಡ ಅಂತ ಹೇಳಿ ಹೋದರು.

ಎರಡು ದಿನ ಬಿಟ್ಟು ಬೆಳಿಗ್ಗೆ ನಾನು ಹಾಸಿಗೆ ಮಡಚುತ್ತಿದ್ದೆ. ಇಟ್ಟಿಗೆ ಸರಿಯುವ ಸದ್ದಾಯಿತು.

"ಅತ್ತಿಗೆ."

ನಾನು ಮಡಚುತ್ತಲೇ ಇದ್ದೆ.

"ಅತ್ತಿಗೆ, ಸಿಟ್ಟಾ?"

"ಬಾಗಿಲಿಗೆ ಬಾ. ನನಗೆ ಗೋಡೆ ಹತ್ರ ಮಾತಾಡಿ ಅಭ್ಯಾಸ ಇಲ್ಲ."

ಬಂದ. ಸ್ಟೂಲಿನ ಮೇಲೆ ಕೂತ. ಕೈ ಉಜ್ಜಿಕೊಂಡ. ಸೂರು ನೋಡಿದ, ನೆಲ ನೋಡಿದ. ಕಾಲು ಗಂಟೆ ಆಯಿತು. ಒಂದು ಮಾತಿಲ್ಲ.

"ಹೋಗು. ಆ ಕಡೆಯಿಂದಲೇ ಹೇಳು," ಅಂದೆ.

ಎದ್ದು ಹೋದ. ಸ್ವಲ್ಪ ಹೊತ್ತಿಗೆ ಆ ಕಡೆ ಸ್ಟೂಲು ಎಳೆದ ಸದ್ದು ಕೇಳಿಸಿತು. ನಾನು ಮಂಚದ ತಲೆಗೆ ಸರಿದು ಕೂತೆ.

"ಇಷ್ಟು ವರ್ಷ ಏನು ಮಾತಾಡ್ತಿದ್ರಿ?" ಅಂತ ಕೇಳಿದೆ.

"ಏನೂ ಇಲ್ಲ ಅತ್ತಿಗೆ. ಯಾರ ಮನೆ ಗೋಡೆ ಎಲ್ಲಿವರೆಗೆ ಬಂತು ಅಂತ ಅವನು. ಯಾರ ವಾಚು ನಿಂತಿದೆ ಅಂತ ನಾನು. ಅಮ್ಮ ಇದ್ದಾಗ ಅಮ್ಮನ ಕಾಲು ನೋವು."

"ನನ್ನ ವಿಷಯ?"

"ನಿಮ್ಮ ವಿಷಯ ಕೇಳಿದ್ರೆ, ಅವಳು ಸರಿ ಇದ್ದಾಳೆ ಅಂತಿದ್ದ. ಅಷ್ಟೇ."

"ಕೊನೇ ದಿನ?"

ಗಡಿಯಾರಗಳು ಟಿಕ್ ಟಿಕ್ ಅನ್ನುತ್ತಿದ್ದವು, ಒಂದೊಂದು ಒಂದೊಂದು ತರ.

"ಇಟ್ಟಿಗೆ ಅರ್ಧ ತೆಗೆದ. ಅವನ ಕೈಲಿ ಶಕ್ತಿ ಇರಲಿಲ್ಲ, ಇನ್ನರ್ಧ ನಾನು ಎಳಕೊಂಡೆ. ನಲ್ಲೀಲಿ ನೀರು ಬಂತಾ ಅಂತ ಕೇಳಿದ. ನನಗೆ ಗೊತ್ತಿರಲಿಲ್ಲ. ಬಂತು ಅಂದೆ. ಒಳ್ಳೇದಾಯ್ತು, ಹಾಗಾದ್ರೆ ಬೇಗ ಬರ್ತಾಳೆ ಅಂದ."

ನೀರು ಬಂದಿರಲಿಲ್ಲ. ಆ ದಿನ ತಡವಾಗಿ ಬಂತು. ನಾನು ಸಾಲಿನಲ್ಲಿ ಒಂಬತ್ತನೆಯವಳು.

ಅದನ್ನು ಮೈದುನನಿಗೆ ಹೇಳಲಿಲ್ಲ. ಕೊಡ ತೆಗೆದುಕೊಂಡು ಹೊರಟೆ.